ಓರ್ಕಾವನ್ನು ಬೈದು ಕಳಿಸಿದ ಎವಾರಿಸ್ತೊ

ಪುಂತಾ ನೋರ್ತೆಯ ಕಾವಲುಗಾರ ಎವಾರಿಸ್ತೊ ಕಾಯುಪಾನ್ ಒಂದು ಓರ್ಕಾದ, ಅಂದರೆ ಕೊಲೆಗಾರ ತಿಮಿಂಗಿಲದ, ಎದುರಿಗೇ ಹೋಗಿ ನಿಂತು, ಮುಖಕ್ಕೆ ಹೊಡೆದ ಹಾಗೆ ಬೈದು, ಕೋಲು ತೋರಿಸಿ ಕಡಲಿಗೆ ಅಟ್ಟಿದ ಎಂಬ ಸುದ್ದಿ ನಮ್ಮ ಕರಾವಳಿಯಲ್ಲಿ ಯಾರಿಗೆ ಗೊತ್ತಿಲ್ಲ? ಪತ್ರಿಕೆಯಲ್ಲಿ ಫೋಟೊ ಬಂತು. ಪೆಟ್ರೋಲ್ ಬಂಕಿನವನು ಅದನ್ನು ಕತ್ತರಿಸಿ ಗೋಡೆಗೆ ಅಂಟಿಸಿದ್ದಾನೆ. ಕುರಿ ಉಣ್ಣೆ ಕತ್ತರಿಸಲು ಬರುವ ತಂಡದವರ ಬಾಯಲ್ಲಿ ಆ ಓರ್ಕಾ ವರ್ಷಕ್ಕೊಂದು ಮೀಟರ್ ಬೆಳೆದು, ಈಗ ಹನ್ನೆರಡು ಮೀಟರಿಗೆ ಬಂದು ನಿಂತಿದೆ. ಹೇಳುವುದೆಲ್ಲ ನಿಜವೇ, ಒಂದು ಸಣ್ಣ ವಿಷಯ ಬಿಟ್ಟು. ಅವನು ಬೈದದ್ದು ಓರ್ಕಾವನ್ನಲ್ಲ.

ಈಗ ಹೇಳಿದರೆ ಯಾರ ಕೆಲಸವೂ ಹೋಗುವುದಿಲ್ಲ, ಅದಕ್ಕೇ ಹೇಳುತ್ತಿದ್ದೇನೆ.

ಎವಾರಿಸ್ತೊ ಆ ತುದಿಗೆ ಮೊದಲ ಸಲ ಬಂದದ್ದು ಹದಿನಾಲ್ಕನೇ ವಯಸ್ಸಿಗೆ, ಕೈಯಲ್ಲಿ ದೊಣ್ಣೆ ಹಿಡಿದುಕೊಂಡು. ಆಗ ಅಲ್ಲಿ ಕಡಲಸಿಂಹಗಳನ್ನು ಬಡಿದು, ಚರ್ಮ ಸುಲಿದು, ಕೊಬ್ಬನ್ನು ದೊಡ್ಡ ಕಡಾಯಿಗಳಲ್ಲಿ ಕಾಯಿಸಿ ಎಣ್ಣೆ ತೆಗೆಯುವ ತಂಡವೊಂದು ಬೀಡುಬಿಟ್ಟಿತ್ತು. ಸೀಲ್ ಬಳಗದ ಈ ಪ್ರಾಣಿ ನೀರಿಗಿಳಿದರೆ ಮಿಂಚು, ದಡಕ್ಕೆ ಬಂದರೆ ಮೂಟೆ. ಮೂಟೆಯನ್ನು ಬಡಿಯುವುದಕ್ಕೆ ಎಂಥ ಶೌರ್ಯ ಬೇಕು? ಅವನು ಮೂರು ಋತು ಬಡಿದ. ಯಾರಾದರೂ ಆ ದಿನಗಳ ಬಗ್ಗೆ ಕೇಳಿದರೆ, 'ಕೈ ನೋಯ್ತಿತ್ತು' ಎಂದಷ್ಟೇ ಹೇಳಿ ಬೇರೆ ಮಾತಿಗೆ ಹೋಗುತ್ತಿದ್ದ.

ಆಮೇಲೆ ಸರ್ಕಾರಕ್ಕೆ ಜ್ಞಾನೋದಯವಾಯಿತು. ಬೇಟೆ ನಿಂತಿತು, ಜಾಗ ರಕ್ಷಿತ ಪ್ರದೇಶವಾಯಿತು, ಕಾಯಲು ಒಬ್ಬ ಆಳು ಬೇಕಾಯಿತು. ಅವನಿಗೆ ದಂಡೆಯ ಮೂಲೆಮೂಲೆ ಗೊತ್ತಿರಬೇಕು, ಪ್ರಾಣಿಗಳ ಚಾಳಿ ಗೊತ್ತಿರಬೇಕು, ವರ್ಷಪೂರ್ತಿ ಬೀಸುವ ಗಾಳಿಗೆ ತಲೆ ಕೆಡಬಾರದು. ಇಂಥವರು ಸಿಕ್ಕಿದ್ದು ಕೊಂದವರ ಪೈಕಿಯೇ. ಎವಾರಿಸ್ತೊನಿಗೆ ಒಂದು ಟೋಪಿ, ಒಂದು ಕೋಲು, ದಿಬ್ಬದ ಮೇಲೆ ತಗಡಿನ ಮಾಡಿನ ಒಂದು ಮನೆ ಕೊಟ್ಟು, ನಿನ್ನೆ ಬಡಿದವುಗಳನ್ನು ಇವತ್ತಿನಿಂದ ಕಾಯಿ ಎಂದರು. ಅವನು ಕಾದ. ಎಣ್ಣೆ ಕಾಯಿಸುತ್ತಿದ್ದ ಕಡಾಯಿಯೊಂದು ತುಕ್ಕು ಹಿಡಿದು ಅಲ್ಲೇ ಬಿದ್ದಿತ್ತು. ಪ್ರವಾಸಿಗರು ಅದರ ಪಕ್ಕ ನಿಂತು ಫೋಟೊ ತೆಗೆಸಿಕೊಳ್ಳುತ್ತಿದ್ದರು.

ಓರ್ಕಾಗಳಿಗೆ ಮಾತ್ರ ಸರ್ಕಾರದ ಆದೇಶ ತಲುಪಲಿಲ್ಲ. ಮಾರ್ಚ್ ಬಂತೆಂದರೆ ಎರಡು ತಿಂಗಳ ಮರಿಗಳು ದಡದ ನೀರಲ್ಲಿ ಈಜು ಕಲಿಯಲು ಇಳಿಯುತ್ತವೆ. ಇವೂ ಹಾಜರು. ಉಬ್ಬರದ ಹೊತ್ತಿಗೆ, ಬಂಡೆಸಾಲಿನ ನಡುವೆ ಇರುವ ಒಂದೇ ಒಂದು ಸಂದಿನಲ್ಲಿ ಸದ್ದಿಲ್ಲದೆ ನುಸುಳಿ, ಅಲೆಯ ಜೊತೆಗೇ ಉರುಟು ಕಲ್ಲಿನ ದಂಡೆಯ ಮೇಲೆ ಅರ್ಧ ಮೈ ಏರಿ, ಮರಿಯನ್ನು ಕಚ್ಚಿ, ಮೈ ಹೊರಳಿಸಿಕೊಂಡು ನೀರಿಗೆ ಜಾರುತ್ತವೆ. ತಾಯಂದಿರು ತಮ್ಮ ಮರಿಗಳಿಗೂ ಈ ವಿದ್ಯೆ ಹೇಳಿಕೊಡುತ್ತಾರೆ. ಹಿಂದಿನಿಂದ ಮೂತಿಯಲ್ಲಿ ತಳ್ಳಿ ತಳ್ಳಿ ದಡ ಹತ್ತಿಸುತ್ತಾರೆ. ಹಿಡಿದದ್ದನ್ನು ಒಂಟಿಯಾಗಿ ತಿನ್ನುವುದಿಲ್ಲ, ಆಚೆ ಕಾದಿರುವ ಬಳಗಕ್ಕೆ ಒಯ್ದು ಹಂಚುತ್ತವೆ. ದಿಬ್ಬದ ಮೇಲಿನ ಬೇಲಿಗೆ ಒರಗಿ ಇದನ್ನು ನೋಡಲು ದೇಶವಿದೇಶದಿಂದ ಜನ ಬರುತ್ತಾರೆ, ನೋಡಿದ ಮೇಲೆ ಅಳುತ್ತಾರೆ.

"ಏನಾದ್ರೂ ಮಾಡಿ ಸ್ವಾಮೀ, ಆ ಮರಿ ಕೂಗ್ತಾ ಇದೆ," ಎಂದು ರಾಜಧಾನಿಯಿಂದ ಬಂದ ಹೆಂಗಸೊಬ್ಬಳು ಒಮ್ಮೆ ಅವನ ತೋಳು ಹಿಡಿದು ಜಗ್ಗಿದ್ದಳು.

"ಕೂಗುತ್ತೆ ತಾಯಿ. ಆಚೆ ನೀರಲ್ಲಿ ಇನ್ನೊಂದು ಮರಿ ಹಸಿವಿಗೆ ಕೂಗ್ತಾ ಇದೆ. ಅದರ ಕೂಗು ಇಲ್ಲಿಗೆ ಕೇಳ್ಸಲ್ಲ, ಅಷ್ಟೇ."

"ಮತ್ತೆ ನೀವು ಇರೋದು ಯಾಕೆ?"

"ನೀವು ಕೆಳಗೆ ಇಳೀದೆ ಇರ್ಲಿ ಅಂತ."

ಅವನ ಕೆಲಸವೇ ಅದು. ಬೇಲಿ ದಾಟಿ ಒಬ್ಬರೂ ಕೆಳಗಿಳಿಯಕೂಡದು. ಮನುಷ್ಯನ ನೆರಳು ಕಂಡರೆ ಕಡಲಸಿಂಹಗಳು ಗಾಬರಿಬಿದ್ದು ನುಗ್ಗುತ್ತವೆ, ಅಡಿಗೆ ಸಿಕ್ಕ ಮರಿಗಳು ಅಪ್ಪಚ್ಚಿಯಾಗುತ್ತವೆ. ಈ ವಿಷಯದಲ್ಲಿ ಎವಾರಿಸ್ತೊ ಯಾರ ಮುಖವನ್ನೂ ನೋಡುತ್ತಿರಲಿಲ್ಲ. ಮಂತ್ರಿಯ ಅಳಿಯನೊಬ್ಬ ಇಳಿದಾಗ ಬೈದ ಬೈಗುಳವನ್ನು ಬಸ್ಸಿನ ಡ್ರೈವರುಗಳು ಬಾಯಿಪಾಠ ಮಾಡಿಕೊಂಡಿದ್ದರು.

ಅವನ ಹೆಂಡತಿ ಓಲ್ವೆನ್, ಗೈಮಾನ್ ಕಣಿವೆಯ ವೇಲ್ಸ್ ಮೂಲದವರ ಮನೆಯ ಹುಡುಗಿ. ಅಲ್ಲಿ ಕಾಲುವೆ ನೀರು, ತೋಟ, ಸಾಲು ಮರ. ಮದುವೆಯಾಗಿ ಪುಂತಾ ನೋರ್ತೆಗೆ ಬರುವಾಗ 'ಎರಡು ವರ್ಷ ಇದ್ರಾಯ್ತು' ಎಂದು ಎವಾರಿಸ್ತೊ ಹೇಳಿದ್ದ. ಅದು ಮೂವತ್ತೊಂದು ವರ್ಷವಾಯಿತು. ಆಕೆ ಅಷ್ಟರಲ್ಲಿ ಹನ್ನೊಂದು ಗಿಡ ನೆಟ್ಟಿದ್ದಳು. ಹನ್ನೊಂದನ್ನೂ ಗಾಳಿ ಕಿತ್ತುಕೊಂಡು ಹೋಗಿತ್ತು. ಒಂದು ಗಿಡ ಬಕೆಟ್ಟಿನ ಸಮೇತ ಹೋಗಿತ್ತು. ಗೈಮಾನಿನಲ್ಲಿದ್ದ ತಂಗಿಯಿಂದ ಪ್ರತಿ ಕ್ರಿಸ್‌ಮಸ್ಸಿಗೂ ಕಾಗದ ಬರುತ್ತಿತ್ತು: ಹಿತ್ತಲ ಕಡೆಯ ಎರಡು ಕೋಣೆ ಖಾಲಿ ಇವೆ, ಸೇಬಿನ ಮರ ಈ ಸಲವೂ ಚೆನ್ನಾಗಿ ಬಿಟ್ಟಿದೆ, ಯಾವಾಗ ಬರ್ತೀಯ. ಓಲ್ವೆನ್ ಆ ಕಾಗದಗಳನ್ನು ಸಕ್ಕರೆ ಡಬ್ಬಿಯ ಕೆಳಗೆ ಮಡಿಸಿಡುತ್ತಿದ್ದಳು.

ಹೀಗಿರುವಾಗ ಎವಾರಿಸ್ತೊನ ಕಣ್ಣು ಹೋಗತೊಡಗಿತು. ಒಂದೇ ದಿನಕ್ಕಲ್ಲ. ನೇರವಾಗಿ ನೋಡಿದ ಕಡೆ ಮೊದಲು ಒಂದು ಮಸಿ ಚುಕ್ಕೆ ಬಂತು, ಚುಕ್ಕೆ ತಟ್ಟೆಯಷ್ಟಾಯಿತು. ತಟ್ಟೆಯ ಅಂಚಿನಾಚೆ ಮಾತ್ರ ಕಪ್ಪೋ ಬಿಳಿಯೋ ಒಂದಿಷ್ಟು ಕಾಣುತ್ತಿತ್ತು. ಟ್ರೆಲೆವ್ ಪಟ್ಟಣದ ಡಾಕ್ಟರು ದೀಪ ಬಿಟ್ಟು ನೋಡಿ, ಇದಕ್ಕೆ ಔಷಧಿಯೂ ಇಲ್ಲ, ಕತ್ತರಿಯೂ ಇಲ್ಲ ಎಂದರು. ಆ ದಿನ ವಾಪಸು ಬಂದು ಮನೆ ಮುಂದೆ ಇಳಿದ ಮೇಲೆ ಅವನೆಂದ: "ಕಚೇರಿಗೆ ಗೊತ್ತಾದ್ರೆ ಮನೆ ಖಾಲಿ ಮಾಡು ಅಂತಾರೆ, ಮುದುಕಿ."

"ಅಂದ್ರೆ ಅನ್ನಲಿ. ಗೈಮಾನ್ ಇದೆಯಲ್ಲ."

"ಗೈಮಾನಲ್ಲಿ ನಾನು ಕುರುಡ. ಬಾಗಿಲು ಎಲ್ಲಿದೆ ಅಂತ ತಡಕಾಡಬೇಕು. ಇಲ್ಲಿ ನಂಗೆ ಕಣ್ಣು ಬೇಕಾಗಿಲ್ಲ. ಈ ದಂಡೆ ನನ್ನ ಅಂಗೈ ಇದ್ದ ಹಾಗೆ. ಇನ್ನೆಷ್ಟು ವರ್ಷ, ರಿಟೈರ್ ಆಗೋ ತನಕ ತಾನೇ?"

ಆಕೆ ಕೆಟಲ್ ಒಲೆಗಿಡಲು ಒಳಗೆ ನಡೆದಳು.

ಅವನು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ದುರ್ಬೀನು ಹಿಡಿದ ಐವತ್ತು ಜನರಿಗಿಂತ ಮೊದಲು 'ಬರ್ತಿವೆ' ಎನ್ನುತ್ತಿದ್ದವನು ಅವನೇ. ಸಾವಿರ ಕಡಲಸಿಂಹಗಳ ಗಲಾಟೆಯಲ್ಲಿ ತಾಯಂದಿರ ಕರೆ ಒಂದು ಎಳೆ ಬದಲಾದರೆ ಅವನ ಕಿವಿ ನಿಮಿರುತ್ತಿತ್ತು. ಕಡಲಹಕ್ಕಿಗಳು ಒಂದೇ ಕಡೆ ಸುತ್ತಿದರೆ, ಗದ್ದಲ ಇದ್ದಕ್ಕಿದ್ದ ಹಾಗೆ ತಗ್ಗಿದರೆ, ಸಂದಿನಾಚೆ ಓರ್ಕಾದ ಬೆನ್ನಿನ ರೆಕ್ಕೆ ಎದ್ದಿದೆ ಎಂದೇ ಲೆಕ್ಕ. ತೊಂದರೆ ಇದ್ದದ್ದು ಒಂದೇ. ಬಂದದ್ದು ಯಾರು ಎನ್ನುವುದು ಕಿವಿಗೆ ತಿಳಿಯುವುದಿಲ್ಲ. ಬೆನ್ನಿನ ರೆಕ್ಕೆಯ ಆಕಾರ ನೋಡಿ ಇದು ಸಾರ್ಜೆಂಟ್, ಇದು ಮೇಷ್ಟ್ರಮ್ಮ ಎಂದು ಹೆಸರು ಹೇಳಬೇಕು; ಪ್ರವಾಸಿಗರು ಕೇಳುವುದೂ ಅದನ್ನೇ, ಕಚೇರಿಯ ದಾಖಲೆ ಪುಸ್ತಕದಲ್ಲಿ ಬರೆಯಬೇಕಾದದ್ದೂ ಅದನ್ನೇ. ಸಾರ್ಜೆಂಟ್ ಎಂದರೆ ರೆಕ್ಕೆ ಒಂದು ಕಡೆ ವಾಲಿದ ಮುದಿ ಗಂಡು. ಮರಿಗಳಿಗೆ ದಡ ಹತ್ತುವ ಪಾಠ ಹೇಳುವ ಹೆಣ್ಣು ಮೇಷ್ಟ್ರಮ್ಮ.

ಇದಕ್ಕೆ ಉಪಾಯ ಹುಡುಕಿದವಳು ಓಲ್ವೆನ್. ನಮ್ಮಲ್ಲಿ ಮಾಟೆ ಸೊಪ್ಪಿನ ಕಷಾಯ ಇಲ್ಲದೆ ಯಾವ ಕೆಲಸವೂ ನಡೆಯುವುದಿಲ್ಲವಲ್ಲ: ಒಂದೇ ಸೋರೆಬುರುಡೆ, ಒಂದೇ ಕೊಳವೆ, ಬಿಸಿನೀರು ಹೊಯ್ದುಕೊಡುವ ಕೈ ಒಂದೇ, ಕುಡಿಯುವವರು ಸರದಿಯ ಮೇಲೆ. ಆಕೆ ಕೆಟಲ್ ಹಿಡಿದು ಬೇಲಿಯ ಬಳಿ ಗಂಡನ ಪಕ್ಕ ಕೂತರೆ ಯಾರಿಗೂ ಅನುಮಾನ ಬರುವಂತಿರಲಿಲ್ಲ. ಬುರುಡೆ ಕಹಿಯಾಗಿ ಬಂದರೆ ಸಾರ್ಜೆಂಟ್. ಒಂದು ಚಮಚ ಸಕ್ಕರೆ ಬಿದ್ದಿದ್ದರೆ ಮೇಷ್ಟ್ರಮ್ಮ. ಎರಡು ಚಮಚ ಎಂದರೆ ಮೇಷ್ಟ್ರಮ್ಮನ ತಂಗಿ. ಕಿತ್ತಳೆ ಸಿಪ್ಪೆ ಹಾಕಿದ್ದರೆ ಹೊಸಬರು, ಹೆಸರಿಲ್ಲ. ಮೂರು ವರ್ಷ ಹೀಗೇ ನಡೆಯಿತು. ದಾಖಲೆ ಪುಸ್ತಕ ಬರೆದವಳೂ ಆಕೆಯೇ. ಅಕ್ಷರ ಚೆನ್ನಾಗಿದೆ ಎಂದು ಕಚೇರಿಯಿಂದ ಮೆಚ್ಚುಗೆ ಪತ್ರ ಬಂತು. ಹೇಗಾದರೂ ಈ ಊರು ಬಿಟ್ಟರೆ ಸಾಕು ಎನ್ನುತ್ತಿದ್ದ ಹೆಂಗಸು, ಊರು ಬಿಡದ ಹಾಗೆ ತಾನೇ ಸಕ್ಕರೆ ಅಳೆಯುತ್ತ ಕೂತಿದ್ದಳು.

ಇನ್ನು ಆ ದಿನದ ಕಥೆಗೆ ಬರೋಣ. ಮಾರ್ಚ್ ಕೊನೆಯ ವಾರ. ಅದಕ್ಕೆ ಎರಡು ದಿನ ಮುಂಚೆ ಫಾಬ್ರಿಸಿಯೊ ಎಂಬ ಫೋಟೊಗ್ರಾಫರ್ ಒಬ್ಬ ಬೇಲಿ ನುಸುಳಿ, ಕರಿ ಪ್ಲಾಸ್ಟಿಕ್ ಹೊದ್ದುಕೊಂಡು, ಪಕ್ಕದಲ್ಲಿ ಬಿಳಿ ಚೀಲ ಇಟ್ಟುಕೊಂಡು ದಂಡೆಯ ಮೇಲೆ ಬೋರಲು ಮಲಗಿದ್ದ. ಎವಾರಿಸ್ತೊ ಅವನನ್ನು ಕತ್ತಿನಪಟ್ಟಿ ಹಿಡಿದು ಮೇಲಕ್ಕೆ ತಂದಿದ್ದ. 'ಇನ್ನೊಂದು ಸಲ ಕಂಡ್ರೆ ಕೋಲಲ್ಲೇ ಮಾತಾಡ್ತೀನಿ' ಎಂದಿದ್ದ.

ಆ ಮಧ್ಯಾಹ್ನ ಉಬ್ಬರ. ಓಲ್ವೆನ್ ಒಲೆಯಲ್ಲಿಟ್ಟ ಕಪ್ಪು ಕೇಕ್ ನೋಡಲು ಒಳಗೆ ಹೋಗಿದ್ದಳು. ನಲವತ್ತು ಪ್ರವಾಸಿಗರ ಬಸ್ಸೊಂದು ಬಂದು ನಿಂತಿತ್ತು. ಚಳಿಯೆಂದು ಡ್ರೈವರು ಇಂಜಿನ್ ಆರಿಸಿರಲಿಲ್ಲ. ಗಾಳಿಯೂ ನೆಲದ ಕಡೆಯಿಂದ ಬೀಸುತ್ತಿತ್ತು. ಆ ಗುರ್ರೆಂಬ ಸದ್ದಿನಲ್ಲಿ ಎವಾರಿಸ್ತೊನ ಕಿವಿ ಕೆಲಸಕ್ಕೆ ಬಾರದೆ ಹೋಯಿತು. ಬೇಲಿಯ ಬಳಿ ಜನ ಒಟ್ಟಿಗೆ ಉಸಿರೆಳೆದುಕೊಂಡಂತಾಯಿತು. ಅವನು ತಲೆ ಓರೆ ಮಾಡಿ, ಮಸಿ ತಟ್ಟೆಯ ಅಂಚಿನಿಂದ ಕೆಳಗೆ ನೋಡಿದ. ದಂಡೆಯ ಮೇಲೆ ಕಪ್ಪಗೆ ಉದ್ದಕ್ಕೆ ಏನೋ ಬಿದ್ದುಕೊಂಡಿತ್ತು. ಪಕ್ಕದಲ್ಲಿ ಬಿಳಿ.

ಅವನಿಗೆ ಪಿತ್ತ ನೆತ್ತಿಗೇರಿತು. ಕೋಲು ಎತ್ತಿಕೊಂಡು ಬೇಲಿ ದಾಟಿ ದಡದಡ ಇಳಿದ. ಮೂವತ್ತು ವರ್ಷ ಇಳಿದ ಇಳಿಜಾರು, ಕಾಲೇ ದಾರಿ ಹಿಡಿದುಕೊಂಡು ಹೋಯಿತು. ಹಿಂದಿನಿಂದ ಜನ ಏನೋ ಕೂಗಿದರು. ಪ್ರವಾಸಿಗರು ಕೂಗುವುದು ಅವನಿಗೆ ಹೊಸದೇನಲ್ಲ.

"ಏನ್ರೀ, ಮಾನ ಮರ್ಯಾದೆ ಏನಾದ್ರೂ ಇದೆಯಾ ನಿಮಗೆ? ಮೊನ್ನೆ ಹೇಳಿದ್ದು ಕಿವಿಗೆ ಹೋಗ್ಲಿಲ್ವಾ? ಎಲ್ಲಂದ್ರಲ್ಲಿ ಬಿದ್ಕೊಳ್ಳೋಕೆ ಇದೇನು ನಿಮ್ಮಪ್ಪನ ಮನೆ ಜಗುಲೀನಾ?" ಎನ್ನುತ್ತ ಮೂರು ಮಾರು ದೂರಕ್ಕೆ ಬಂದು ನಿಂತ. "ನಿಮ್ಮಂಥವರಿಂದ್ಲೇ ಮರಿಗಳು ಸಾಯೋದು. ನೋಡೋಕೆ ದೊಡ್ಡ ಮನುಷ್ಯರ ಥರ ಇದೀರಿ. ಏಳ್ರೀ ಮೇಲೆ."

ಎದುರಿಗಿದ್ದವನು ಉಸಿರು ಬಿಟ್ಟ.

ಕುಕ್ಕರಿನ ಸೀಟಿ ಕಿತ್ತುಹೋದ ಹಾಗೆ ಬುಸ್ಸೆಂದು ಎದ್ದ ಬಿಸಿ ಹಬೆ, ಕೊಳೆತ ಮೀನಿನ ನಾತದ ಜೊತೆ, ಎವಾರಿಸ್ತೊನ ಟೋಪಿ, ಮುಖ, ಮೀಸೆ ಎಲ್ಲವನ್ನೂ ತೋಯಿಸಿತು. ಫೋಟೊಗ್ರಾಫರುಗಳು ಹಾಗೆ ಉಸಿರು ಬಿಡುವುದಿಲ್ಲ.

 ತಿರುಗಿ ಓಡೋಣವೆಂದರೆ ಉರುಟು ಕಲ್ಲು, ಕಾಲು ಕಿತ್ತಿಡಲು ಬಿಡುವುದಿಲ್ಲ. ಅದಕ್ಕಿಂತ ದೊಡ್ಡ ಭಯ ಬೆನ್ನ ಹಿಂದಿತ್ತು. ಬೇಲಿಯ ಬಳಿ ನಲವತ್ತು ಜೊತೆ ಕಣ್ಣು. ಈಗ ಓಡಿದರೆ, ಇಷ್ಟು ದೊಡ್ಡದು ಕಾಣಲಿಲ್ಲವೇ ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ಓರ್ಕಾ ತಿಂದರೆ ಒಂದು ಸಲ. ಕಚೇರಿಗೆ ಗೊತ್ತಾದರೆ ಬದುಕಿರುವವರೆಗೂ ಕುರುಡ. ಅವನು ಬೈಗುಳವನ್ನು ಅರ್ಧಕ್ಕೆ ಬಿಡದೆ ಮುಗಿಸಿದ.

"ಹೋಗಿ. ನಿಮ್ಮ ಜಾಗಕ್ಕೆ ನೀವು ಹೋಗಿ," ಎಂದು ಕೋಲನ್ನು ಕಡಲ ಕಡೆಗೆ ಚಾಚಿದ. ದನಿ ನಡುಗಿತು. ಮೇಲಿದ್ದವರಿಗೆ ಅದು ಗಾಳಿಯಂತೆ ಕೇಳಿರಬೇಕು.

ಓರ್ಕಾ ಅವನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿತಂತೆ. ಜನ ಹೇಳುತ್ತಾರೆ, ಅವನಿಗೇನು ಕಂಡಿತು, ಮಣ್ಣು. ಇದೇ ಕಲ್ಲಿನ ಮೇಲೆ ಒಂದು ಕಾಲದಲ್ಲಿ ಮರಿಗಳನ್ನು ಬಡಿದವನು ಈಗ ಬಾಯಿಯ ಅಳತೆಯಲ್ಲಿ ನಿಂತಿದ್ದರೂ ಅದು ಮೂಸಿಯೂ ನೋಡಲಿಲ್ಲ. ಓರ್ಕಾಗಳಿಗೆ ಊಟದ ವಿಷಯದಲ್ಲಿ ಕಟ್ಟುನಿಟ್ಟು, ಅಮ್ಮ ತಿನ್ನಿಸದ್ದನ್ನು ತಿನ್ನುವುದಿಲ್ಲ. ಅಷ್ಟರಲ್ಲಿ ದೊಡ್ಡ ಅಲೆಯೊಂದು ಬಂತು. ಅದು ತಲೆ ಬಾಲ ಎರಡನ್ನೂ ಎತ್ತಿ, ಹೊರಳಿ, ನೀರಿಗೆ ಜಾರಿಹೋಯಿತು. ದಿಬ್ಬದ ಮೇಲಿಂದ ಚಪ್ಪಾಳೆ ಬಿತ್ತು.

"ದೊನ್ ಎವಾರಿಸ್ತೊ, ಒಂದ್ಸಲ ಈ ಕಡೆ ತಿರುಗಿ," ಎಂದು, ಹೆಸರಿಗೆ ಗೌರವದ 'ದೊನ್' ಸೇರಿಸಿ, ಮೇಲಿನಿಂದ ಕೂಗಿದವನು ಫಾಬ್ರಿಸಿಯೊ. ಅವನು ಮೊದಲಿನಿಂದಲೂ ಬೇಲಿಯ ಈಚೆಗೇ ಇದ್ದ, ಆವತ್ತು ಒಳ್ಳೆಯ ಮಗುವಿನ ಹಾಗೆ.

ಓಲ್ವೆನ್ ಒಲೆಯ ಬಟ್ಟೆ ಕೈಯಲ್ಲೇ ಹಿಡಿದು ಓಡಿಬಂದಳು. ಗಂಡನ ತೊಯ್ದ ಮುಖ ನೋಡಿದ್ದೇ ಆಕೆಗೆ ಎಲ್ಲ ಅರ್ಥವಾಯಿತು.

"ಯಾರು ಅಂದ್ಕೊಂಡೆ?" ಎಂದಳು ಮೆಲ್ಲಗೆ.

"ಆ ಫೋಟೊದವನು."

"ಅದು ಮೇಷ್ಟ್ರಮ್ಮ ಕಣೋ, ಮಾರಾಯ."

"ಒಳಗೆ ನಡಿ. ಕೇಕ್ ಸೀದಿರೋ ವಾಸನೆ ಬರ್ತಿದೆ."

ಒಳಗೆ ಹೋಗಿ ಬಾಗಿಲು ಹಾಕಿಕೊಂಡು ಆಕೆ ಹೊಟ್ಟೆ ಹಿಡಿದುಕೊಂಡು ನಕ್ಕಳು. ನಗುತ್ತ ನಗುತ್ತ ಯಾವಾಗ ಅಳಲು ಶುರುಮಾಡಿದಳೋ ಆಕೆಗೇ ತಿಳಿಯಲಿಲ್ಲ. "ಸತ್ತೇ ಹೋಗ್ತಿದ್ದೆಯಲ್ಲೋ," ಎಂದು ಒಲೆಬಟ್ಟೆಯಲ್ಲೇ ಅವನ ಮೀಸೆ ಒರೆಸಿದಳು.

ಫೋಟೊ ಪತ್ರಿಕೆಯಲ್ಲಿ ಬಂದ ಹತ್ತನೇ ದಿನಕ್ಕೆ ಕಚೇರಿಯಿಂದ ಕಾಗದ ಬಂತು. ಓಲ್ವೆನ್ ಓದಿದಳು. ಇನ್ಸ್‌ಪೆಕ್ಟರ್ ಲಿಸಾಂದ್ರೊ ಬೆರ್ತೊಲೊತ್ತಿ ಬರುತ್ತಾರೆ. ದೊನ್ ಎವಾರಿಸ್ತೊನ ಧೈರ್ಯಕ್ಕೆ ಪ್ರಶಂಸಾಪತ್ರ ಕೊಡುವ ಆಲೋಚನೆ ಇದೆ. ಆದರೆ ಅವನಿಗೆ ಕಣ್ಣು ಸರಿಯಾಗಿ ಕಾಣುವುದಿಲ್ಲ, ಒಮ್ಮೆ ನೀರಿನ ಪೀಪಾಯಿಗೆ ನಮಸ್ಕಾರ ಹೊಡೆದ ಎಂದು ಯಾರೋ ದೂರು ಬರೆದಿದ್ದಾರೆ. ಪರೀಕ್ಷೆಯಾಗಬೇಕು. ಕಣ್ಣು ಸರಿ ಇದ್ದರೆ ಪ್ರಶಂಸಾಪತ್ರ, ನಿವೃತ್ತಿಗೆ ಉಳಿದ ಮೂರು ವರ್ಷವೂ ಅಲ್ಲೇ ಇರಬಹುದು. ಇಲ್ಲವಾದರೆ ಈಗಲೇ ಪಿಂಚಣಿ, ಏಪ್ರಿಲ್ ಕೊನೆಗೆ ಮನೆ ಖಾಲಿ. ಕಣ್ಣಿನ ಡಾಕ್ಟರ ಹತ್ತಿರ ಕಳಿಸಲು ಮೂರು ಇಲಾಖೆಗಳ ಸಹಿ ಬೇಕಾದ್ದರಿಂದ, ಪರೀಕ್ಷೆಯನ್ನು ಇನ್ಸ್‌ಪೆಕ್ಟರೇ ಮಾಡುತ್ತಾರೆ.

ಇನ್ಸ್‌ಪೆಕ್ಟರು ಬರುವ ದಿನ ಬೆಳಿಗ್ಗೆ ಗಂಡ ಹೆಂಡತಿ ಎದುರುಬದುರು ಕೂತರು. ಕಡಲಸಿಂಹಗಳ ಗಲಾಟೆ ಕಿಟಕಿಯಿಂದ ತುಂಬಿ ಬರುತ್ತಿತ್ತು.

"ಇವತ್ತು ನೀನು ಕೈ ಕೊಟ್ರೆ ನಾನು ಕೆಟ್ಟೆ," ಎಂದ ಎವಾರಿಸ್ತೊ, ನಗಿಸಲು ನೋಡುತ್ತ.

ಆಕೆ ನಗಲಿಲ್ಲ. "ಒಂದು ಮಾತು ಹೇಳ್ತೀನಿ, ಕೋಪ ಮಾಡ್ಕೋಬೇಡ. ಈ ಮೂರು ವರ್ಷ ನಿಂಗೆ ಕಣ್ಣಾಗಿದ್ದೆ, ಬೇಜಾರಿಲ್ಲ. ಆದ್ರೆ ನಂಗೆ ಅರವತ್ತಾಯ್ತು. ಒಂದು ದಿನ ಒಂದು ಮರದ ಕೆಳಗೆ ಕೂತ್ಕೊಂಡು, ಗಾಳಿಗೆ ತಲೆಬಟ್ಟೆ ಹಿಡ್ಕೊಳ್ದೆ, ಒಂದು ಲೋಟ ಟೀ ಕುಡೀಬೇಕು ಅನ್ನಿಸುತ್ತೆ. ಅಷ್ಟೇ. ಇದಕ್ಕಿಂತ ದೊಡ್ಡ ಆಸೆ ಏನೂ ಇಲ್ಲ."

 ಮೂವತ್ತೊಂದು ವರ್ಷದಲ್ಲಿ ಆಕೆ ಗಿಡ ನೆಟ್ಟದ್ದು ಅವನಿಗೆ ಗೊತ್ತಿತ್ತು, ಗಿಡ ಹಾರಿದ್ದಕ್ಕೆ ಅವನು ನಗಾಡಿದ್ದೂ ನೆನಪಿತ್ತು. 

"ಸರಿ, ಏಳು," ಎಂದಳು ಆಕೆಯೇ. "ಸಕ್ಕರೆ ಡಬ್ಬಿ ತಗೊಂಡು ಬರ್ತೀನಿ."

ಬೆರ್ತೊಲೊತ್ತಿ ನಲವತ್ತರ ಆಸುಪಾಸಿನ, ಹೊಸ ಬೂಟಿನ ಮನುಷ್ಯ. ಕುತ್ತಿಗೆಯಲ್ಲಿ ಫಿರಂಗಿಯಂಥ ದುರ್ಬೀನು, ಕೈಯಲ್ಲಿ ರೆಕ್ಕೆಗಳ ಚಿತ್ರ ಬಿಡಿಸಿದ ಒಂದು ಹಾಳೆ. ಬಂದ ಐದು ನಿಮಿಷದಲ್ಲಿ ಗಾಳಿ ಆ ಹಾಳೆಯನ್ನು ಕಿತ್ತುಕೊಂಡು ಹೋಯಿತು. "ಪರವಾಗಿಲ್ಲ, ಎಲ್ಲಾ ನನ್ನ ತಲೇಲಿದೆ," ಎಂದ.

ಮೂವರೂ ಬೇಲಿಯ ಬಳಿ ಬೆಂಚಿನ ಮೇಲೆ ಕೂತರು. ಓಲ್ವೆನ್ ಮೊದಲ ಬುರುಡೆಯನ್ನು ಪದ್ಧತಿಯ ಪ್ರಕಾರ ತಾನೇ ಕುಡಿದಳು, ಎರಡನೆಯದು ಅತಿಥಿಗೆ. ಆಗ ಕೆಳಗಿನ ಗದ್ದಲ ಒಂದು ಎಳೆ ತಗ್ಗಿತು.

"ಬರ್ತಿವೆ," ಎಂದ ಎವಾರಿಸ್ತೊ.

ಇನ್ಸ್‌ಪೆಕ್ಟರು ದುರ್ಬೀನು ಹಚ್ಚಿ ಬಹಳ ಹೊತ್ತು ಹುಡುಕಿದ. "ಹೌದ್ರೀ. ಅಬ್ಬಾ, ಏನು ಕಣ್ಣು ನಿಮ್ಮದು. ಯಾವುದದು?"

ಬುರುಡೆ ಎವಾರಿಸ್ತೊನ ಕೈಗೆ ಬಂತು. ಕಹಿ.

"ಸಾರ್ಜೆಂಟ್. ರೆಕ್ಕೆ ಎಡಕ್ಕೆ ವಾಲಿದೆ ನೋಡಿ."

"ಸರಿ, ಸರಿ," ಎಂದು ಇನ್ಸ್‌ಪೆಕ್ಟರು ಬರೆದುಕೊಂಡ. "ಇನ್ನೊಂದು ಹೇಳಿಬಿಡಿ, ಮುಗೀತು." ಓರ್ಕಾ ಬರುವವರೆಗೆ ಹೊತ್ತು ಕಳೆಯಬೇಕಲ್ಲ, ಸುತ್ತ ನೋಡಿ ಓಲ್ವೆನ್ ಕಡೆ ತಿರುಗಿದ. "ಇಲ್ಲಿ ಒಂದು ಮರಾನೂ ಇಲ್ವಲ್ಲ ದೊನ್ಯಾ. ಹೇಗಿರ್ತೀರಿ?"

"ರೂಢಿ ಆಗಿದೆ ಸರ್. ಏನೂ ಅನ್ನಿಸಲ್ಲ."

ಹಳೆಯ ಕೇಕನ್ನು ಪ್ರವಾಸಿಗರಿಗೆ 'ಈಗ ತಾನೇ ಮಾಡಿದ್ದು' ಎಂದು ಕೊಡುವಾಗಿನ ದನಿ ಅದು. ಎವಾರಿಸ್ತೊ ಆ ದನಿಯನ್ನು ಚೆನ್ನಾಗಿ ಬಲ್ಲ. ಆಕೆಯ ಮುಖ ಅವನಿಗೆ ಕಾಣದೆ ಎರಡು ವರ್ಷವಾಗಿತ್ತು. ಈಗ ಹೇಗಿದೆಯೋ ಏನೋ ಎಂಬ ಯೋಚನೆ ಬಂತು. ದಂಡೆಯ ಒಂದೊಂದು ಕಲ್ಲೂ ಗೊತ್ತು ಎಂದು ಬೀಗುತ್ತಿದ್ದವನಿಗೆ ಇದು ಗೊತ್ತಿರಲಿಲ್ಲ.

ಸಂದಿನಲ್ಲಿ ಎರಡನೇ ರೆಕ್ಕೆ ಎದ್ದಿತು. ಸಕ್ಕರೆ ಡಬ್ಬಿಯ ಮುಚ್ಚಳ ಕಿರುಗುಟ್ಟಿತು.

"ಏನು ದೊನ್, ಗಂಡಸಾಗಿ ಮಾಟೆಗೆ ಸಕ್ಕರೆನಾ?" ಎಂದು ಇನ್ಸ್‌ಪೆಕ್ಟರು ಕೀಟಲೆ ಮಾಡಿದ.

"ಅವರಿಗೆ ಒಂದೊಂದ್ಸಲ ಕಹಿ, ಒಂದೊಂದ್ಸಲ ಸಿಹಿ," ಎಂದಳು ಓಲ್ವೆನ್. "ಮನಸ್ಸು ಬಂದ ಹಾಗೆ."

ಎವಾರಿಸ್ತೊ ಕೊಳವೆಗೆ ಬಾಯಿಟ್ಟ. ಒಂದು ಚಮಚ, ಹೆಚ್ಚೂ ಇಲ್ಲ, ಕಡಿಮೆಯೂ ಇಲ್ಲ. ಮೇಷ್ಟ್ರಮ್ಮ. ಸಕ್ಕರೆ ಹಾಕದೆ ಕೊಟ್ಟಿದ್ದರೆ ಏಪ್ರಿಲ್ ಕೊನೆಗೆ ಆಕೆ ಸೇಬಿನ ಮರದ ಕೆಳಗೆ ಕೂತಿರುತ್ತಿದ್ದಳು. ಯಾರೂ ಆಕೆಯನ್ನು ಒಂದು ಮಾತು ಅನ್ನುತ್ತಿರಲಿಲ್ಲ, ಅವನೂ ಅನ್ನುತ್ತಿರಲಿಲ್ಲ. ಆದರೂ ಹಾಕಿದ್ದಳು. ಅವನು ಬುರುಡೆ ಗೊರಗೊರ ಎನ್ನುವವರೆಗೆ ಪೂರಾ ಹೀರಿದ.

"ಯಾವುದದು, ದೊನ್?"

"ಬಿಷಪ್," ಎಂದ ಎವಾರಿಸ್ತೊ.

ಕೆಟಲ್ಲಿನಿಂದ ಬೀಳುತ್ತಿದ್ದ ನೀರು ನಿಂತಿತು.

ಬಿಷಪ್ ಸತ್ತು ಆರು ವರ್ಷವಾಗಿತ್ತು. ಕತ್ತಿನ ಸುತ್ತ ಬಿಳಿ ಪಟ್ಟಿ ಇದ್ದ ಗಂಡು ಓರ್ಕಾ. ಅದರ ಹೆಣ ದಡಕ್ಕೆ ಬಿದ್ದಾಗ ಅಳತೆ ಹಿಡಿದವನು ಎವಾರಿಸ್ತೊನೇ. ತಲೆಬುರುಡೆಯನ್ನು ಕಚೇರಿಯವರು ಲಾರಿಯಲ್ಲಿ ಒಯ್ದು, ಹೆಸರಿನ ಹಲಗೆ ಹಾಕಿ, ತಮ್ಮ ಹಜಾರದಲ್ಲಿ ಇಟ್ಟ ವಿಷಯ ಈ ಕರಾವಳಿಯ ಕುರಿಗಳಿಗೂ ಗೊತ್ತು. ಕುರುಡನಲ್ಲದೆ ಬೇರೆ ಯಾರೂ ಹೇಳಲಾರದ ಹೆಸರನ್ನೇ ಅವನು ಹುಡುಕಿ ಹೇಳಿದ್ದ. ಹೇಳಿದ ಮೇಲೆ ಕೋಲನ್ನು ಕಾಲ ನಡುವೆ ಊರಿಕೊಂಡು, ಕೆಳಗಿನ ಗದ್ದಲಕ್ಕೆ ಕಿವಿಗೊಟ್ಟು ಕೂತ. ಇನ್ನು ಹೆಚ್ಚು ದಿನ ಕೇಳಲು ಸಿಗುವುದಿಲ್ಲ ಎನ್ನುವ ಹಾಗೆ ಕೇಳಿಸಿಕೊಂಡ.

ಇನ್ಸ್‌ಪೆಕ್ಟರ್ ಬೆರ್ತೊಲೊತ್ತಿ ದುರ್ಬೀನನ್ನು ಎಡಕ್ಕೆ ತಿರುಗಿಸಿದ, ಬಲಕ್ಕೆ ತಿರುಗಿಸಿದ, ತಿರುಪು ಬಿಗಿಮಾಡಿದ. ಹುಬ್ಬು ಗಂಟಿಕ್ಕಿದ. ಆಮೇಲೆ ನಿಧಾನವಾಗಿ ತಲೆಯಾಡಿಸಿದ.

"ಕರೆಕ್ಟ್. ಬಿಷಪ್ಪೇ. ಕತ್ತಿನ ಪಟ್ಟಿ ಎಷ್ಟು ಸ್ಪಷ್ಟವಾಗಿದೆ ನೋಡಿ. ಹೆಸರು ದಿನಾ ಎಲ್ಲೋ ನೋಡ್ತೀನಿ ನಾನು. ಭಾರಿ ಫೇಮಸ್ ಇರಬೇಕಲ್ವಾ?"

 ಇನ್ಸ್‌ಪೆಕ್ಟರು ತೊಡೆಯ ಮೇಲೆ ಫಾರಂ ಇಟ್ಟುಕೊಂಡು ಬರೆದ: ಕಾವಲುಗಾರನ ದೃಷ್ಟಿ ಅತ್ಯುತ್ತಮ. ಎರಡೂ ಪ್ರಾಣಿಗಳನ್ನು ಬರಿಗಣ್ಣಿನಿಂದಲೇ ತಪ್ಪಿಲ್ಲದೆ ಗುರುತಿಸಿದ್ದಾನೆ. ಬಿಷಪ್ ಎಂಬ ಓರ್ಕಾ ಆರೋಗ್ಯವಾಗಿದೆ. ಸಹಿ ಹಾಕಿ, ಮುದ್ರೆ ಒತ್ತಿ, ಉಳಿದಿದ್ದ ಕೇಕನ್ನು ಕಟ್ಟಿಸಿಕೊಂಡು, ಕತ್ತಲಾಗುವುದರೊಳಗೆ ಟಾರು ರಸ್ತೆ ಸೇರಬೇಕೆಂದು ಹೊರಟುಹೋದ. ಆ ಫಾರಮನ್ನು ಅವನು ಎಲ್ಲಿ ಕೂತು ಟೈಪು ಮಾಡಿಸಿದನೋ, ಅಲ್ಲಿಂದ ತಲೆಬುರುಡೆಗೆ ಎಂಟು ಹೆಜ್ಜೆ. ಸರ್ಕಾರದ ಲೆಕ್ಕದಲ್ಲಿ ಬಿಷಪ್ ಇಂದಿಗೂ ಬದುಕಿದ್ದಾನೆ.

ಜೀಪಿನ ಸದ್ದು ಅಡಗುವವರೆಗೆ ಇಬ್ಬರೂ ಬೆಂಚು ಬಿಟ್ಟು ಏಳಲಿಲ್ಲ.

"ನಾನು ಮೇಷ್ಟ್ರಮ್ಮ ಅಂತ ಕೊಟ್ಟಿದ್ದೆ," ಎಂದಳು ಓಲ್ವೆನ್.

"ಗೊತ್ತು."

"ಸಕ್ಕರೆ ಕಡಿಮೆ ಬಿದ್ದಿತ್ತಾ?"

"ಇಲ್ಲ. ಸರಿಯಾಗಿತ್ತು."

ಗಾಳಿ ಆಕೆಯ ತಲೆಬಟ್ಟೆಯನ್ನು ಎಳೆಯಿತು. ಆಕೆ ಒಂದು ಕೈಯಲ್ಲಿ ಅದನ್ನು ಹಿಡಿದುಕೊಂಡಳು. "ಮದುವೆ ಆದಾಗಿಂದ ಒಂದೇ ಒಂದ್ಸಲ ನೀನು ನನ್ನ ಮಾತು ನಡೆಸಕ್ಕೆ ಹೊರಟೆ," ಎಂದಳು. "ಅದನ್ನೂ ಆ ದಡ್ಡ ಕೆಡಿಸಿಬಿಟ್ಟ."

"ನಾಳೆ ನಾನೇ ಕಾಗದ ಬರೆಸ್ತೀನಿ. ಕಣ್ಣು ಕಾಣಲ್ಲ ಅಂತ."

"ಯಾರು ನಂಬ್ತಾರೆ? ಮುದ್ರೆ ಬಿದ್ದಿದೆ. ನಿನ್ನ ಕಣ್ಣು ಈಗ ಸರ್ಕಾರಿ ಕಣ್ಣು." ಹೇಳುತ್ತಲೇ ಆಕೆಗೆ ನಗು ಬಂತು, ಅವನಿಗೂ ಬಂತು. ನಕ್ಕು ಸುಸ್ತಾದ ಮೇಲೆ ಆಕೆ ಬುರುಡೆಯ ಹಳೆಯ ಸೊಪ್ಪು ಕೊಡವಿ, ಹೊಸದು ತುಂಬಿ, ನೀರು ಹೊಯ್ದಳು. ಡಬ್ಬಿಯ ಮುಚ್ಚಳ ತೆಗೆದ ಸದ್ದು. ಒಂದು ಚಮಚ, ಎರಡು, ಮೂರು. ಎವಾರಿಸ್ತೊ ಹೀರಿ ನೋಡಿದ. ಬಾಯಿ ಅಂಟುವಷ್ಟು ಸಿಹಿ. ಅವರ ಲೆಕ್ಕದಲ್ಲಿ ಮೂರು ಚಮಚದ ಓರ್ಕಾ ಯಾವುದೂ ಇರಲಿಲ್ಲ.

"ಇದು ಯಾರು?" ಎಂದ.

"ನಾನು," ಎಂದಳು ಓಲ್ವೆನ್. "ಕುಡಿ."